ಲೈಬ್ರರಿಯಲ್ಲಿದ್ದ ಫ್ರೀ ಗೇಮ್‌ಗಳು ಹೋದವು: ಮಕ್ಕಳಿಗೆ ಗೇಮ್ ಇಳಿಸಿಕೊಡುವ ಮುಂಚೆ ಇದನ್ನು ಓದಿ

ಮಳೆಗಾಲಕ್ಕೆ ಸೌದೆ ಕೂಡಿಡುವ ಹಾಗೆ ಮಕ್ಕಳ ಲ್ಯಾಪ್‌ಟಾಪಿಗೆ ಫ್ರೀ ಗೇಮ್ ತುಂಬಿಸಿ ಇಡುವವರು ಕೊಡಗಿನಲ್ಲಿ ತುಂಬಾ ಜನ ಇದ್ದಾರೆ. ನಮ್ಮ ಮನೆಯಲ್ಲೂ ಅದೇ ರೂಢಿ. ಅವರೆಲ್ಲರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಗೇಮ್‌ನ ಹೆಸರು ಲೈಬ್ರರಿಯಲ್ಲಿ, ಅಂದರೆ ನಮ್ಮ ಖಾತೆಯ ಗೇಮ್ ಪಟ್ಟಿಯಲ್ಲಿ, ಕಾಣಿಸುತ್ತಿದ್ದರೂ, ಪೂರ್ತಿ ಡೌನ್‌ಲೋಡ್ ಆಗಿ ಡಿಸ್ಕ್‌ನಲ್ಲಿ ಕೂತಿದ್ದರೂ, ಬೇಕಾದ ದಿನ ಅದು ತೆರೆಯುತ್ತದೆ ಅನ್ನುವ ಗ್ಯಾರಂಟಿ ಇಲ್ಲ. ಈ ಸಲ ನನ್ನ ಮಗನಿಗೆ ಇದು ಒಂದೇ ಮಳೆಗಾಲದಲ್ಲಿ ಬೇರೆ ಬೇರೆ ರೀತಿಯಲ್ಲಿ ಗೊತ್ತಾಯಿತು. ಅವನು ಅತ್ತಿದ್ದನ್ನು ನೋಡಿ ನನಗೆ ತುಂಬಾ ಬೇಜಾರಾಯಿತು.

ನಮ್ಮದು ನಾಪೋಕ್ಲು ಕಡೆ, ತೋಟದ ಒಳಗಿನ ಮನೆ. ಇಂಟರ್ನೆಟ್ ಅಂದರೆ ಫೋನಿನ ಹಾಟ್‌ಸ್ಪಾಟ್, ಅದೂ ವರಾಂಡದ ಒಂದು ಮೂಲೆಯಲ್ಲಿ ಮಾತ್ರ. ಹಾಗಾಗಿ ಬೇಸಿಗೆ ರಜೆಯಲ್ಲಿ ಮಗ ಕುಶಾಲನಗರದ ಮಾವನ ಮನೆಗೆ ಹೋದಾಗಲೇ ಎಲ್ಲ ಇಳಿಸಿಕೊಂಡು ಬರುತ್ತಾನೆ. ಅಲ್ಲಿ ಫೈಬರ್ ಲೈನ್ ಇದೆ. ಜುಲೈ ಬಂದರೆ ನಿಮಗೆ ಗೊತ್ತೇ ಇದೆ. ಮರ ಬೀಳುತ್ತದೆ, ಲೈನ್ ಹರಿಯುತ್ತದೆ, ಕರೆಂಟ್ ಹೋದರೆ ಯಾವಾಗ ಬರುತ್ತದೆ ಅಂತ ಹೇಳಲಾಗುವುದಿಲ್ಲ. ಆಮೇಲೆ ಟವರ್ ಕೂಡ ಸುಮ್ಮನಾಗುತ್ತದೆ. ಡಿಸಿ ಶಾಲೆಗೆ ರಜೆ ಕೊಡುತ್ತಾರೆ. ಮಕ್ಕಳು ಹೊರಗೆ ಕಾಲಿಡುವ ಹಾಗಿಲ್ಲ. ಇನ್ವರ್ಟರ್‌ನಲ್ಲಿ ಲ್ಯಾಪ್‌ಟಾಪ್ ಚಾರ್ಜ್ ಮಾಡಿಕೊಂಡು ಸ್ವಲ್ಪ ಹೊತ್ತು ಆಡಲಿ ಅಂತ ನಾವೇ ಬಿಡುತ್ತೇವೆ.

ಅಂಥ ಒಂದು ದಿನ ಅವನು ಅಡುಗೆಮನೆಗೆ ಓಡಿಬಂದು, "ಅಮ್ಮಾ, ಗೇಮ್ ಎಲ್ಲ ಹೋಯ್ತು" ಅಂದ. ಹೋಗಿ ನೋಡಿದೆ. ಅವನು ಜಾಸ್ತಿ ಇಷ್ಟಪಟ್ಟಿದ್ದ ಕಾರ್ ರೇಸ್ ಗೇಮ್ ಲೈಬ್ರರಿಯ ಪಟ್ಟಿಯಲ್ಲೇ ಇರಲಿಲ್ಲ. ಹುಡುಕಿದರೆ ಗೇಮ್ ಮಾರುವ ಆನ್‌ಲೈನ್ ಅಂಗಡಿಯ ಪುಟ ತೆರೆಯಿತು. ಅಲ್ಲಿ ಅದರ ಬೆಲೆ ರೂಪಾಯಿಯಲ್ಲಿ ಬರೆದಿತ್ತು, ಪಕ್ಕದಲ್ಲಿ ಹಸಿರು ಬಟನ್. ಡಿಸ್ಕ್‌ನಲ್ಲಿ ನೋಡಿದರೆ ಆ ಗೇಮ್‌ನ ಫೋಲ್ಡರ್ ಹಾಗೇ ಇದೆ. ಸುಮಾರು 60 ಜಿಬಿ ಜಾಗ ಹಿಡಿದುಕೊಂಡಿದೆ. ಫೈಲ್ ಎಲ್ಲ ನಮ್ಮ ಮನೆಯಲ್ಲೇ ಇದೆ, ಆಡಲು ಅನುಮತಿ ಮಾತ್ರ ಇಲ್ಲ.

ಆಮೇಲೆ ತಿಳಿಯಿತು, ಅದು ವಾರಾಂತ್ಯಕ್ಕೆ ಮಾತ್ರ ಫ್ರೀ ಬಿಟ್ಟಿದ್ದ ಗೇಮ್. ಈ ವ್ಯತ್ಯಾಸವನ್ನು ಎಲ್ಲರೂ ತಿಳಿದುಕೊಳ್ಳಲೇಬೇಕು. ಸ್ಟೀಮ್‌ನಂಥ ಅಂಗಡಿಗಳಲ್ಲಿ ದುಡ್ಡಿನ ಗೇಮ್ ಎರಡು ರೀತಿಯಲ್ಲಿ ಫ್ರೀ ಆಗುತ್ತದೆ. ಒಂದು, ಬೆಲೆಯನ್ನು ಕೆಲವು ದಿನ ಪೂರ್ತಿ ಸೊನ್ನೆ ಮಾಡುತ್ತಾರೆ. ಅಷ್ಟರೊಳಗೆ ಖಾತೆಗೆ ಸೇರಿಸಿಕೊಂಡರೆ ಅದು ಅಲ್ಲೇ ಉಳಿಯುತ್ತದೆ. ಪುಟದಲ್ಲಿ ‘ಫ್ರೀ ಟು ಕೀಪ್’ ಅನ್ನುವ ಮಾತು ಇರುತ್ತದೆ, ಕೊನೆಯ ತಾರೀಕೂ ಇರುತ್ತದೆ. ಇನ್ನೊಂದು ‘ಫ್ರೀ ವೀಕೆಂಡ್’. ಅಲ್ಲಿ ‘ಪ್ಲೇ ಫಾರ್ ಫ್ರೀ’ ಅಂತ ಇರುತ್ತದೆ. ಗಡುವು ಮುಗಿದ ತಕ್ಷಣ ಬೀಗ ಬೀಳುತ್ತದೆ. ಎರಡರಲ್ಲೂ ‘ಫ್ರೀ’ ಅನ್ನುವುದು ದೊಡ್ಡದಾಗಿ ಕಾಣುತ್ತದೆ. ಹದಿಮೂರು ಹದಿನಾಲ್ಕು ವರ್ಷದ ಹುಡುಗ ಅಷ್ಟನ್ನೇ ಓದಿ ಡೌನ್‌ಲೋಡ್ ಒತ್ತುತ್ತಾನೆ. ಇದರಲ್ಲಿ ಮಗುವಿನ ತಪ್ಪು ಅಂತ ನಾನು ಒಪ್ಪುವುದಿಲ್ಲ. ಗಡುವನ್ನೂ ಅಷ್ಟೇ ದೊಡ್ಡ ಅಕ್ಷರದಲ್ಲಿ ಹಾಕಬಹುದಲ್ವಾ?

ಎರಡನೆಯ ಕಂತೆ ಗೇಮ್‌ಗಳು ಮೆಂಬರ್‌ಶಿಪ್‌ನಿಂದ ಬಂದವು. ಲ್ಯಾಪ್‌ಟಾಪ್ ಕೊಂಡಾಗ ಅಂಗಡಿಯವರು ಕೆಲವು ತಿಂಗಳ ಗೇಮ್ ಮೆಂಬರ್‌ಶಿಪ್ ಕೋಡ್ ಕೊಟ್ಟು, "ಇದರಲ್ಲಿ ನೂರಾರು ಗೇಮ್ ಫ್ರೀ" ಅಂದಿದ್ದರು. ಅವಧಿ ಮುಗಿಯಿತು, ಎಲ್ಲದರ ಮೇಲೂ ಬೀಗದ ಗುರುತು ಬಂತು. ಇದು ಎಲ್ಲ ದೊಡ್ಡ ಕಂಪನಿಗಳಲ್ಲೂ ಇರುವ ಪದ್ಧತಿಯೇ. ಪ್ಲೇಸ್ಟೇಷನ್ ಪ್ಲಸ್‌ನಲ್ಲಿ ಪ್ರತಿ ತಿಂಗಳು ಕೊಡುವ ಗೇಮ್‌ಗಳನ್ನು ಪಡೆದುಕೊಂಡರೂ ಚಂದಾ ಇರುವ ತನಕ ಮಾತ್ರ ಆಡಬಹುದು. ಮತ್ತೆ ಚಂದಾ ಕಟ್ಟಿದರೆ ಅವು ಮತ್ತೆ ತೆರೆಯುತ್ತವೆ. ಎಕ್ಸ್‌ಬಾಕ್ಸ್ ಗೇಮ್ ಪಾಸ್‌ನಲ್ಲಿ ಇನ್ನೊಂದು ತೊಡಕಿದೆ. ನೀವು ಚಂದಾ ಸರಿಯಾಗಿ ಕಟ್ಟುತ್ತಿದ್ದರೂ ಗೇಮ್ ಮಾಡಿದವರ ಜೊತೆಗಿನ ಕರಾರು ಮುಗಿದರೆ ಆ ಗೇಮ್ ಪಟ್ಟಿಯಿಂದ ಹೊರಗೆ ಹೋಗುತ್ತದೆ. ಎಪಿಕ್ ಅಂಗಡಿಯವರು 2018ರ ಡಿಸೆಂಬರ್‌ನಿಂದ ಫ್ರೀ ಕೊಡುತ್ತಿರುವ ಗೇಮ್‌ಗಳು ಹಾಗಲ್ಲ. ಗಡುವಿನೊಳಗೆ ಖಾತೆಗೆ ಸೇರಿಸಿದರೆ ಚಂದಾ ಇಲ್ಲದೆಯೂ ಇರುತ್ತವೆ. ಹಾಗಾಗಿ ಯಾರಾದರೂ ‘ಫ್ರೀ’ ಅಂದರೆ ಮೊದಲು ಕೇಳಬೇಕಾದ್ದು, ಇದಕ್ಕೆ ಚಂದಾ ಇರಬೇಕಾ, ಬೇಡವಾ ಅಂತ.

ಈ ಎರಡನ್ನೂ ಮಗ ಹೇಗೋ ಸಹಿಸಿಕೊಂಡ. ಮೂರನೆಯದೇ ಅವನಿಗೆ ತಡೆಯಲಾಗಲಿಲ್ಲ.

ಅದು ಪೂರ್ತಿ ಫ್ರೀ ಆಗಿದ್ದ, ಊರು ಕಟ್ಟುವ ಗೇಮ್. ಅದರಲ್ಲಿ ಅವನು ನಮ್ಮ ಮನೆಯನ್ನೇ ಕಟ್ಟಿದ್ದ. ಮುಂದೆ ಕಾಫಿ ಒಣಗಿಸುವ ಕಣ, ಕಣದ ಅಂಚಿಗೆ ಕಲ್ಲಿನ ಕಟ್ಟೆ, ಕೆಳಗೆ ಗದ್ದೆ, ಗದ್ದೆಯ ಪಕ್ಕ ತೋಡು. ಬೆಳ್ಳಿಮರಗಳಿಗೆ ಮೆಣಸಿನ ಬಳ್ಳಿ ಕೂಡ ಹಬ್ಬಿಸಿದ್ದ. ಅಜ್ಜಿಗೆ ತೋರಿಸಿದಾಗ ಅವರು ಕನ್ನಡಕ ಹಾಕಿಕೊಂಡು, "ಬಾವಿ ಎಲ್ಲಿ?" ಅಂತ ಕೇಳಿದ್ದರು. ಅವತ್ತೇ ಬಾವಿಯನ್ನೂ ಸೇರಿಸಿದ. ಹುಟ್ಟುಹಬ್ಬಕ್ಕೆ ಅಜ್ಜಿ ಕೊಟ್ಟ ದುಡ್ಡಿನಲ್ಲಿ ಆ ಗೇಮ್‌ನ ನಾಣ್ಯ ಕೊಂಡು ಹೆಂಚಿನ ಮಾಡು ಹಾಕಿಸಿದ್ದ. ಕರೆಂಟ್ ಬಂದ ಮೇಲೆ ತೆರೆದು ನೋಡಿದರೆ ಪರದೆ ಮೇಲೆ ಒಂದೇ ಸಾಲು. ಸೇವೆ ನಿಲ್ಲಿಸಲಾಗಿದೆ, ಆಡಿದ್ದಕ್ಕೆ ಧನ್ಯವಾದ. ಅಷ್ಟೇ.

ಆ ಗೇಮ್ ಕಂಪನಿಯ ಸರ್ವರ್‌ನಲ್ಲಿ, ಅಂದರೆ ಇಂಟರ್ನೆಟ್ ಮೂಲಕ ಅವರ ಕಂಪ್ಯೂಟರ್‌ನಲ್ಲಿ, ನಡೆಯುತ್ತಿತ್ತು. ಅವನು ಕಟ್ಟಿದ್ದೆಲ್ಲ ಇದ್ದದ್ದೂ ಅಲ್ಲೇ. ಸರ್ವರ್ ಮುಚ್ಚಿದ ಮೇಲೆ ನಮ್ಮ ಡಿಸ್ಕ್‌ನಲ್ಲಿ ಉಳಿದ ಫೈಲ್‌ಗಳಿಂದ ಪ್ರಯೋಜನ ಇಲ್ಲ. ಮುಚ್ಚುವ ವಿಷಯವನ್ನು ಇಮೇಲ್‌ನಲ್ಲಿ ತಿಳಿಸಿದ್ದೇವೆ ಅಂತ ಕಂಪನಿಯವರು ಅಂದರು. ಹುಡುಕಿದೆ. ಆಫರ್, ಡಿಸ್ಕೌಂಟ್ ಅಂತ ಬರುವ ಜಾಹೀರಾತು ಮೇಲ್‌ಗಳ ರಾಶಿಯ ನಡುವೆ ಅದೂ ಇತ್ತು. ನಾಣ್ಯದ ದುಡ್ಡು ವಾಪಸ್ ಕೇಳಿದರೆ ಅಚ್ಚು ಹಾಕಿದ ಉತ್ತರ ಬಂತು. ನೀವು ಗೇಮ್ ಕೊಂಡಿಲ್ಲ, ಬಳಸಲು ಲೈಸೆನ್ಸ್ ಪಡೆದಿದ್ದಿರಿ, ನಾಣ್ಯಕ್ಕೂ ಅದೇ ಷರತ್ತು. ಒಬ್ಬ ಹುಡುಗನ ಉಳಿತಾಯಕ್ಕೆ ಹೀಗೆ ಉತ್ತರ ಕೊಡುವುದು ತಪ್ಪು ಅಂತ ನಾನು ಅವರಿಗೆ ಬರೆದೆ. ಇಲ್ಲೂ ಬರೆಯುತ್ತಿದ್ದೇನೆ.

ಲೈಸೆನ್ಸ್ ಅನ್ನುವ ಮಾತು ಮಾತ್ರ ನಿಜ. ದುಡ್ಡು ಕೊಟ್ಟು ಕೊಂಡ ಗೇಮ್‌ಗಳದ್ದೂ ಇದೇ ಕಥೆ. ಯೂಬಿಸಾಫ್ಟ್‌ನ ‘ದಿ ಕ್ರೂ’ ಅನ್ನುವ ಕಾರ್ ಗೇಮ್‌ನ ಸರ್ವರ್ 2024ರ ಮಾರ್ಚ್ 31ಕ್ಕೆ ನಿಂತಿತು. ಕೊಂಡವರಿಗೂ ಆಡಲಾಗಲಿಲ್ಲ, ಆಮೇಲೆ ಆಟಗಾರರ ಲೈಸೆನ್ಸ್‌ಗಳನ್ನೇ ತೆಗೆಯಲು ಶುರುಮಾಡಿದರು. ಅದರಿಂದಲೇ ಗೇಮ್‌ಗಳನ್ನು ಹೀಗೆ ಕೊಲ್ಲಬೇಡಿ ಅನ್ನುವ ಚಳವಳಿ ಹುಟ್ಟಿ, ಯೂರೋಪಿನಲ್ಲಿ ಹತ್ತು ಲಕ್ಷಕ್ಕಿಂತ ಜಾಸ್ತಿ ಜನ ಸಹಿ ಹಾಕಿದರು. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ 2025ರ ಜನವರಿ 1ರಿಂದ ಒಂದು ಕಾನೂನು ಇದೆ. ಡಿಜಿಟಲ್ ಸರಕು ಮಾರುವವರು ‘ಇದು ಬರೀ ಲೈಸೆನ್ಸ್’ ಅಂತ ಕೊಳ್ಳುವಾಗಲೇ ಸ್ಪಷ್ಟವಾಗಿ ಹೇಳಬೇಕು. ಆದರೆ ದುಡ್ಡಿಲ್ಲದೆ ಕೊಡುವ ಸರಕಿಗೂ ಚಂದಾ ಸೇವೆಗೂ ಆ ಕಾನೂನು ಅನ್ವಯಿಸುವುದಿಲ್ಲ. ಅಂದರೆ ಫ್ರೀ ಗೇಮ್ ಆಡುವವರಿಗೆ ಅಲ್ಲೂ ಆ ರಕ್ಷಣೆ ಇಲ್ಲ.

ಪೂರ್ತಿ ಫ್ರೀ ಗೇಮ್ ಹೋದದ್ದಕ್ಕೆ ಹಳೇ ಉದಾಹರಣೆ ‘ಪಿ.ಟಿ.’ ಕೊನಾಮಿ ಕಂಪನಿ 2014ರ ಆಗಸ್ಟ್‌ನಲ್ಲಿ ಪ್ಲೇಸ್ಟೇಷನ್ 4ಕ್ಕೆ ಬಿಟ್ಟ ಭಯದ ಗೇಮ್ ಅದು. 2015ರ ಏಪ್ರಿಲ್ ಕೊನೆಗೆ ಅಂಗಡಿಯಿಂದ ತೆಗೆದರು. ಸ್ವಲ್ಪ ದಿನದಲ್ಲೇ, ಮೊದಲು ಪಡೆದಿದ್ದವರಿಗೂ ಮತ್ತೆ ಡೌನ್‌ಲೋಡ್ ಆಗದ ಹಾಗಾಯಿತು. ಡಿಸ್ಕ್‌ನಿಂದ ಅಳಿಸದೆ ಇಟ್ಟುಕೊಂಡವರಿಗೆ ಮಾತ್ರ ಅದು ಉಳಿಯಿತು.

ನಮ್ಮ ದೇಶದಲ್ಲಿ ಇನ್ನೊಂದು ದಾರಿಯಿಂದಲೂ ಗೇಮ್ ಹೋಗುತ್ತದೆ. 2020ರ ಸೆಪ್ಟೆಂಬರ್‌ನಲ್ಲಿ ಪಬ್‌ಜಿ ಮೊಬೈಲ್ ಮೇಲೆ ಸರ್ಕಾರ ನಿಷೇಧ ಹಾಕಿತು. 2022ರ ಫೆಬ್ರವರಿಯಲ್ಲಿ ಗರೇನಾ ಫ್ರೀ ಫೈರ್. ಅದೇ ವರ್ಷ ಜುಲೈನಲ್ಲಿ ಬಿಜಿಎಂಐ (ಪಬ್‌ಜಿಯ ಭಾರತದ ರೂಪ) ಫೋನಿನ ಅಂಗಡಿಗಳಿಂದ ಹೋಗಿ, 2023ರ ಮೇ ತಿಂಗಳಲ್ಲಿ ವಾಪಸ್ ಬಂತು. ನಿಷೇಧ ಸರಿಯೋ ತಪ್ಪೋ ಅನ್ನುವುದು ಬೇರೆ ಮಾತು. ಅದರೊಳಗೆ ಬಟ್ಟೆಗೆ, ಬಂದೂಕಿನ ಬಣ್ಣಕ್ಕೆ ದುಡ್ಡು ಹಾಕಿದವರು ಕಾಯುತ್ತಾ ಕೂತರು. ಇನ್ನು ಅಣ್ಣನ ಹಳೇ ಐಪ್ಯಾಡ್ ತಂಗಿಗೆ ಕೊಡುವ ಮನೆಗಳಲ್ಲಿ ಇದನ್ನೂ ಗಮನಿಸಿ. 2017ರಲ್ಲಿ ಬಂದ ಐಒಎಸ್ 11 ಅಪ್‌ಡೇಟ್ ಆದ ಮೇಲೆ 32 ಬಿಟ್ ಅನ್ನುವ ಹಳೇ ಮಾದರಿಯಲ್ಲಿ ಮಾಡಿದ ಗೇಮ್‌ಗಳು ತೆರೆಯುವುದಿಲ್ಲ. ಮಾಡಿದವರು ಹೊಸ ರೂಪ ಕೊಡದಿದ್ದರೆ ಅವು ಅಲ್ಲಿಗೇ ಮುಗಿದವು.

ನಾಲ್ಕನೆಯ ಗೇಮ್ ಕಳೆದುಹೋದ ರೀತಿ ಚಿಕ್ಕದು, ಆದರೆ ಜಾಸ್ತಿ ಜನರಿಗೆ ಆಗುವಂಥದ್ದು. ಜಾಗ ಸಾಲದೆ ಮಗ ಒಂದು ಫ್ರೀ ಗೇಮನ್ನು ಆಡುವ ಮುಂಚೆಯೇ ಅನ್‌ಇನ್‌ಸ್ಟಾಲ್ ಮಾಡಿದ್ದ. ಆಮೇಲೆ ಲೈಬ್ರರಿಯಲ್ಲಿ ಅದರ ಹೆಸರೂ ಇಲ್ಲ. ಯಾವಾಗಲೂ ಫ್ರೀ ಇರುವ ಕೆಲವು ಗೇಮ್‌ಗಳು ಹೀಗೇ. ಇನ್‌ಸ್ಟಾಲ್ ಇದ್ದಾಗ ಮಾತ್ರ ಪಟ್ಟಿಯಲ್ಲಿ ಇರುತ್ತವೆ, ಸ್ವಲ್ಪ ಹೊತ್ತೂ ಆಡದೆ ತೆಗೆದರೆ ಪಟ್ಟಿಯಿಂದಲೂ ಹೋಗುತ್ತವೆ. ಅಂಗಡಿಯಲ್ಲಿ ಅದರ ಪುಟ ಇನ್ನೂ ಇದ್ದರೆ ಗಾಬರಿ ಬೇಡ, ಮತ್ತೆ ಸಿಗುತ್ತದೆ. ಪುಟವೇ ಹೋಗಿದ್ದರೆ ಇಲ್ಲ.

ನಿಮ್ಮ ಮನೆಯಲ್ಲೂ ಗೇಮ್ ಕಾಣದೆ ಹೋದರೆ ಮೊದಲು ಸಣ್ಣ ಕಾರಣಗಳನ್ನು ನೋಡಿ. ಬೇರೆ ಖಾತೆಯಲ್ಲಿ ಲಾಗಿನ್ ಆಗಿರಬಹುದು. ಒಂದು ಸಲ ಗೂಗಲ್‌ನಿಂದ, ಇನ್ನೊಂದು ಸಲ ಇಮೇಲ್ ಹಾಕಿ ಒಳಗೆ ಹೋದರೆ ಎರಡು ಖಾತೆ ಆಗಿರುತ್ತದೆ. ಪಟ್ಟಿಯಲ್ಲಿ ‘ಇನ್‌ಸ್ಟಾಲ್ ಆದವು ಮಾತ್ರ’ ಅನ್ನುವ ಫಿಲ್ಟರ್ ಬಿದ್ದಿರಬಹುದು. ಮನೆಯವರ ಲೈಬ್ರರಿ ಹಂಚಿಕೊಂಡು ಆಡುತ್ತಿದ್ದರೆ ಅವರು ಹಂಚಿಕೆ ತೆಗೆದಿರಬಹುದು. ವಾರಾಂತ್ಯದ ಗೇಮ್ ಆಗಿದ್ದರೆ ಫೈಲ್‌ಗಳನ್ನು ತಕ್ಷಣ ಅಳಿಸಬೇಡಿ. ರಿಯಾಯಿತಿಯಲ್ಲಿ ಕೊಂಡರೆ ಮತ್ತೆ ಅಷ್ಟು ಜಿಬಿ ಇಳಿಸುವ ಕೆಲಸ ತಪ್ಪುತ್ತದೆ. ನಮ್ಮ ಕಡೆಯ ನೆಟ್‌ನಲ್ಲಿ ಅದು ದೊಡ್ಡ ವಿಷಯ.

ಮುಂದಿನ ಬೇಸಿಗೆಗೆ ನಾವು ಮಾಡುವುದನ್ನು ಹೇಳುತ್ತೇನೆ. ಮಾವನ ಮನೆಯಲ್ಲಿ ಡೌನ್‌ಲೋಡ್ ಮುಗಿದ ಮೇಲೆ ಪ್ರತಿ ಗೇಮನ್ನೂ ಒಮ್ಮೆ ಆನ್‌ಲೈನ್‌ನಲ್ಲಿ ತೆರೆದು ಅಪ್‌ಡೇಟ್ ಮುಗಿಸುವುದು. ಆಮೇಲೆ ಅಂಗಡಿಯ ಆ್ಯಪನ್ನು ಆಫ್‌ಲೈನ್ ಮೋಡ್‌ಗೆ ಹಾಕಿ, ವೈಫೈ ಪೂರ್ತಿ ತೆಗೆದು, ಮತ್ತೆ ಒಂದೊಂದಾಗಿ ತೆರೆದು ನೋಡುವುದು. ವೈಫೈ ಇಲ್ಲದೆ ತೆರೆಯದ ಗೇಮ್ ಜುಲೈನಲ್ಲಿ ನಾಪೋಕ್ಲಿನಲ್ಲೂ ತೆರೆಯುವುದಿಲ್ಲ. ಜಿಒಜಿ ಅನ್ನುವ ಅಂಗಡಿಯಲ್ಲಿ ಗೇಮ್‌ನ ಇನ್‌ಸ್ಟಾಲರ್ ಫೈಲನ್ನೇ ಇಳಿಸಿಕೊಳ್ಳಬಹುದು. ಅದನ್ನು ಹೊರಗಿನ ಹಾರ್ಡ್‌ಡಿಸ್ಕ್‌ಗೆ ಹಾಕಿಟ್ಟರೆ ಅಂಗಡಿಯ ಅನುಮತಿ ಕೇಳದೆ ಇನ್‌ಸ್ಟಾಲ್ ಆಗುತ್ತದೆ. ಅವರು ಆಗಾಗ ಫ್ರೀ ಕೊಡುವ ಗೇಮ್‌ಗಳಿಗೂ ಇದೇ ಅನುಕೂಲ ಇದೆ. ನನ್ನ ಪ್ರಕಾರ ನಮ್ಮಂಥ ಊರಿನವರಿಗೆ ಇದೇ ಒಳ್ಳೆಯದು. ಸರ್ವರ್‌ನಲ್ಲಿ ನಡೆಯುವ ಫ್ರೀ ಗೇಮ್‌ಗೆ ಮಕ್ಕಳು ದುಡ್ಡು ಹಾಕುವುದನ್ನು ನಾವಂತೂ ನಿಲ್ಲಿಸಿದ್ದೇವೆ. ಏನಾದರೂ ಕಟ್ಟಿದರೆ ಅದರ ಚಿತ್ರ ತೆಗೆದು ಪೆನ್‌ಡ್ರೈವ್‌ಗೆ ಹಾಕಲು ಹೇಳಿದ್ದೇನೆ. ಅವನು ಕಟ್ಟಿದ್ದ ಮನೆಯ ಒಂದು ಚಿತ್ರವೂ ನಮ್ಮ ಹತ್ತಿರ ಇಲ್ಲ.

ಕೊನೆಯದಾಗಿ, ಇದು ಎಲ್ಲಕ್ಕಿಂತ ಅಪಾಯದ್ದು. ಗೇಮ್ ಹೋಯಿತು ಅಂತ ಮಗ ಟೆಲಿಗ್ರಾಂನ ಒಂದು ಗುಂಪಿನಲ್ಲಿ ಕೇಳಿದ್ದ. ಸ್ವಲ್ಪ ಹೊತ್ತಿಗೇ ಒಬ್ಬರು ಪ್ರೈವೇಟ್ ಮೆಸೇಜ್ ಮಾಡಿದರು. ತಾವು ಕಂಪನಿಯವರು, ಲೈಸೆನ್ಸ್ ವಾಪಸ್ ಹಾಕಿಸಿಕೊಡುತ್ತೇವೆ, ಫೋನಿಗೆ ಬರುವ ಓಟಿಪಿ ಕಳಿಸು ಅಂದರು. ಓಟಿಪಿ ಅನ್ನುವ ಮಾತು ಕೇಳಿ ಅವನು ಫೋನ್ ನನ್ನ ಕೈಗೆ ಕೊಟ್ಟ. ಆ ಖಾತೆಗೆ ಅವನ ಅಪ್ಪನ ಕಾರ್ಡ್ ಸೇರಿಸಿತ್ತು. ಯಾವ ಗೇಮ್ ಕಂಪನಿಯೂ ನಿಮ್ಮ ಓಟಿಪಿ, ಪಾಸ್‌ವರ್ಡ್ ಕೇಳುವುದಿಲ್ಲ. ಮುಚ್ಚಿದ ಸರ್ವರನ್ನು ಹೊರಗಿನ ಯಾರೂ ತೆರೆದುಕೊಡಲಾರರು. ಯಾರಾದರೂ ಈಗಾಗಲೇ ಓಟಿಪಿ ಕೊಟ್ಟು ದುಡ್ಡು ಕಳೆದುಕೊಂಡಿದ್ದರೆ ತಡ ಮಾಡದೆ 1930ಕ್ಕೆ ಫೋನ್ ಮಾಡಿ. ಅದು ಸೈಬರ್ ವಂಚನೆಯ ಸಹಾಯವಾಣಿ. ಬ್ಯಾಂಕಿಗೂ ಹೇಳಿ ಕಾರ್ಡ್ ನಿಲ್ಲಿಸಿ. ಗೇಮ್ ಖಾತೆಯಲ್ಲಿ ಕಾರ್ಡ್ ಸೇವ್ ಆಗಿದ್ದರೆ ಅದನ್ನು ಇವತ್ತೇ ತೆಗೆದುಹಾಕಿ. ನಾವು ಆ ರಾತ್ರಿಯೇ ತೆಗೆದೆವು.