ಅನ್ವಿಗೆ ಒಂದು 'ಎ' ಸಾಕಾ, ಎರಡು ಬೇಕಾ?

ಉಡುಪಿಯಲ್ಲಿ ತಂಗಿಯ ಮಗುವಿಗೆ ಅನ್ವಿ ಎಂದು ಹೆಸರಿಟ್ಟಾಯಿತು. ತೊಟ್ಟಿಲಿಗೆ ಹಾಕಿ ಕಿವಿಯಲ್ಲಿ ಕರೆದದ್ದೂ ಆಯಿತು. ಜಗಳ ಶುರುವಾದದ್ದು ಆಮೇಲೆ, ಇಂಗ್ಲಿಷ್ ಸ್ಪೆಲ್ಲಿಂಗಿಗೆ. ಎ-ಎನ್-ವಿ-ಐ ಸಾಕು ಅಂತ ಅಜ್ಜ. ಮೊದಲಿಗೆ ಡಬಲ್ 'ಎ', ಕೊನೆಗೆ ಡಬಲ್ 'ಇ' ಇರಲಿ ಅಂತ ಭಾವ.

ಭಾವನ ಮಾತಲ್ಲೂ ಹುರುಳಿದೆ. ಕ್ಲಾಸಿನಲ್ಲಿ ಮೂವರು ಅನ್ವಿಯರಿದ್ದರೆ ಇವಳ ಹೆಸರು ಎದ್ದು ಕಾಣುತ್ತದೆ. ಹಾಜರಿ ಪಟ್ಟಿಯಲ್ಲೂ ಮುಂದೆ (ಇದು ಲಾಭವೋ ಶಿಕ್ಷೆಯೋ, ಅವಳೇ ಹೇಳಬೇಕು). ಸಂಖ್ಯಾಶಾಸ್ತ್ರ ನಂಬುವವರಿಗೆ ಲೆಕ್ಕ ಸುಲಭ: 'ಎ'ಗೆ ಬೆಲೆ 1, ಇನ್ನೊಂದು ಸೇರಿಸಿದರೆ ಮೊತ್ತ 1 ಜಾಸ್ತಿ. ನನಗೆ ಅದರಲ್ಲಿ ನಂಬಿಕೆಯಿಲ್ಲ. ಆದರೆ ನಮ್ಮ ಮಂಗಳೂರೇ 2014ರ ನವೆಂಬರ್ 1ರಂದು ಇಂಗ್ಲಿಷಿನಲ್ಲಿ ಬಾಲ ಬದಲಿಸಿಕೊಂಡಿತು. ಅಲ್ಲಿ ಬರಹ ಉಚ್ಚಾರಕ್ಕೆ ಹತ್ತಿರ ಬಂತು. ಇಲ್ಲಿ ಡಬಲ್ 'ಎ' ನೋಡಿದವರು 'ಆನ್ವಿ' ಅನ್ನುತ್ತಾರೆ, ದೂರವೇ ಹೋಯಿತು ಅಲ್ವಾ?

ಸರಳ ಸ್ಪೆಲ್ಲಿಂಗಿನ ಬೆಲೆ ಗೊತ್ತಾಗುವುದು ಕೌಂಟರ್ ಎದುರು. ನನ್ನ ಹೆಸರಲ್ಲಿ ಸುಮ್ನೆ ಸೇರಿದ ಒಂದು 'ಎಚ್' ಇದೆ. ಒಂದು ಕಾರ್ಡಿನಲ್ಲಿ ಅದು ಬಿಟ್ಟುಹೋಗಿ, ಎರಡು ಮಧ್ಯಾಹ್ನ ಅಫಿಡವಿಟ್ ಹಿಡಿದು ಓಡಾಡಿದ್ದೇನೆ.

ಅವಸರವೇನೂ ಇಲ್ಲ. ಜನನವನ್ನು 21 ದಿನದೊಳಗೆ ತಿಳಿಸಬೇಕು, ಹೆಸರನ್ನು 12 ತಿಂಗಳೊಳಗೆ ಶುಲ್ಕವಿಲ್ಲದೆ ಸೇರಿಸಬಹುದು. 2023ರ ಅಕ್ಟೋಬರ್ 1ರಿಂದ ಈಚೆ ಹುಟ್ಟಿದವರಿಗೆ ಪಾಸ್‌ಪೋರ್ಟಿಗೂ ಜನನ ಪ್ರಮಾಣಪತ್ರವೇ ಹುಟ್ಟಿದ ದಿನಾಂಕದ ಪುರಾವೆ. ಹಾಗಾಗಿ ಅದರಲ್ಲಿ ಎ-ಎನ್-ವಿ-ಐ ಬರೆಸಿ ಅಂದೆ. ಡಬಲ್ 'ಎ' ಇನ್‌ಸ್ಟಾಗ್ರಾಮಿಗೆ ಇರಲಿ. ಭಾವ ಇನ್ನೂ ಒಪ್ಪಿಲ್ಲ.