ಎಂಸಿಬಿ ಪದೇ ಪದೇ ಟ್ರಿಪ್ ಆಗುತ್ತೆ ಅಂತ ದೊಡ್ಡದು ಹಾಕಿಸಬೇಡಿ

ಬೆಂಗಳೂರಿನ ಒಂದು ಬಾಡಿಗೆ ಮನೆ. 3 ಕಿಲೋವ್ಯಾಟ್ ಗೀಸರ್‌ಗೂ ವಾಷಿಂಗ್ ಮಷೀನ್‌ಗೂ ಒಂದೇ ಲೈನ್: 1.5 ಎಂಎಂ (ಚದರ ಮಿಲಿಮೀಟರ್) ವೈರ್, 16 ಆಂಪ್ ಎಂಸಿಬಿ (ಕರೆಂಟ್ ಮಿತಿ ಮೀರಿದರೆ ತಾನೇ ಬಿದ್ದು ಲೈನ್ ಕಡಿಯುವ ಸ್ವಿಚ್). ಗೀಸರ್ ಆನ್ ಇರುವಾಗ ಮಷೀನ್‌ಗೆ ಬಿಸಿನೀರಿನ ವಾಶ್ ಹಾಕಿದರೆ ಸ್ವಲ್ಪ ಹೊತ್ತಿಗೆ ಟ್ರಿಪ್. ಬಂದ ಎಲೆಕ್ಟ್ರಿಷಿಯನ್ 'ಎಂಸಿಬಿ ವೀಕ್ ಆಗಿದೆ' ಎಂದು 32 ಆಂಪಿನದು ಕೂರಿಸಿ ಹೋದ. ಕಾಟ ತಪ್ಪಿತು ಅಂದುಕೊಂಡರು. ಎರಡು ತಿಂಗಳಿಗೆ ಪ್ಲಾಸ್ಟಿಕ್ ಸುಟ್ಟ ವಾಸನೆ. ಬೋರ್ಡ್ ಬಿಚ್ಚಿದರೆ ಕೆಂಪು ವೈರ್ ಕಂದಾಗಿದೆ, ಬಗ್ಗಿಸಿದರೆ ಸಿಪ್ಪೆ ಉದುರುತ್ತದೆ. ಪೈಪಿನೊಳಗೆ ಫೇಸೂ ನ್ಯೂಟ್ರಲೂ ಅಂಟಿಕೊಂಡು ಎಳೆದರೆ ಬರಲಿಲ್ಲ, ಗೋಡೆ ಒಡೆಯಬೇಕಾಯಿತು. ಆಗಲೂ ಎಂಸಿಬಿ ಬಿದ್ದಿರಲಿಲ್ಲ, ನಾಬ್ ಮೇಲೇ ಇತ್ತು.

ಎಂಸಿಬಿ ಇರುವುದು ಗೀಸರ್ ಕಾಯಲು ಅಲ್ಲ, ಗೋಡೆಯೊಳಗಿನ ವೈರ್ ಕಾಯಲು. ಗೀಸರ್ 13 ಆಂಪ್, ಮಷೀನ್ ಹೀಟರ್ 2 ಕಿಲೋವ್ಯಾಟ್ ಅಂದರೆ ಸುಮಾರು 9, ಒಟ್ಟು 22. ಪೈಪಿನಲ್ಲಿರುವ 1.5 ಎಂಎಂ ವೈರ್‌ಗೆ ಇದು ಹೊರೆ. ಸಾಮಾನ್ಯ ಪಿವಿಸಿ ಸಿಪ್ಪೆ ತಡೆಯುವುದೇ 70 ಡಿಗ್ರಿ. 32 ಆಂಪ್ ಎಂಸಿಬಿಗೆ 22 ಲೆಕ್ಕಕ್ಕೇ ಇಲ್ಲ. ಅದು ಒಂದು ಗಂಟೆಯೊಳಗೆ ಬಿದ್ದೇ ಬೀಳಬೇಕು ಅನ್ನುವುದು ಅದರ 1.45 ಪಟ್ಟು ಕರೆಂಟಿಗೆ, ಅಂದರೆ 46 ಆಂಪಿಗೆ.

ತಾಮ್ರದ ವೈರ್ ಪೈಪಿನಲ್ಲಿದ್ದರೆ ನಾವು ಹಾಕುವುದು ಹೀಗೆ: ಲೈಟು, ಫ್ಯಾನಿನ 1.5 ಎಂಎಂಗೆ 10 ಆಂಪ್, 2.5ಕ್ಕೆ 16, 4ಕ್ಕೆ 25, 6ಕ್ಕೆ 32. ಒಂದೇ ಪೈಪಿಗೆ ನಾಲ್ಕೈದು ಲೈನ್ ತುರುಕಿದ್ದರೆ ಇನ್ನೂ ಇಳಿಸಿ. ಗೀಸರ್ ಸಾಕೆಟ್ಟೇ 16 ಆಂಪಿನದು, ಆದ್ದರಿಂದ ವೈರ್ 4 ಎಂಎಂ ಇದ್ದರೂ ಎಂಸಿಬಿ 16 ದಾಟುವುದು ಬೇಡ. ಲೈನಿನ ನಡುವೆ ಎಲ್ಲೋ 1 ಎಂಎಂ ತುಂಡು ಸೇರಿಸಿದ್ದರೆ (ಹಳೇ ಮನೆಗಳಲ್ಲಿ ಇದು ಮಾಮೂಲು) ಎಂಸಿಬಿಯನ್ನು ಆ ತುಂಡಿಗೆ ತಕ್ಕಂತೆ ಆರಿಸಬೇಕು.

ಆನ್ ಮಾಡಿದ ಕೂಡಲೇ ಬಿದ್ದರೆ ಶಾರ್ಟ್ ಹುಡುಕಿ. ಇಪ್ಪತ್ತು ನಿಮಿಷ ನಡೆದು ಬಿದ್ದರೆ ಓವರ್‌ಲೋಡ್, ಇಲ್ಲವೇ ಎಂಸಿಬಿಯ ಸ್ಕ್ರೂ ಸಡಿಲವಾಗಿ ಅಲ್ಲೇ ಬಿಸಿಯಾಗುತ್ತಿದೆ. ಆರ್‌ಸಿಸಿಬಿ (ಕರೆಂಟ್ ಸೋರಿದರೆ ಬೀಳುವ ಸ್ವಿಚ್) ಬಿದ್ದರೆ ಲೀಕೇಜ್. ಆರ್‌ಸಿಸಿಬಿ ಇದೆಯಲ್ಲ ಅಂತ ಧೈರ್ಯ ಬೇಡ, ಅದು ಓವರ್‌ಲೋಡಿಗೆ ಬೀಳುವುದಿಲ್ಲ.

ಆ ಮನೆಗೆ ಬೇಕಿದ್ದದ್ದು ಗೀಸರ್‌ಗೆ ಡಿಬಿಯಿಂದಲೇ (ಎಂಸಿಬಿಗಳೆಲ್ಲ ಇರುವ ಪೆಟ್ಟಿಗೆ) ಬೇರೆ 2.5 ಎಂಎಂ ಲೈನ್, ಅದಕ್ಕೊಂದು ಸಿ16 (ಸಿ ಟೈಪಿನ 16 ಆಂಪ್) ಎಂಸಿಬಿ. ಬಾಡಿಗೆಗೆ ಹೋಗುವವರು ಡಿಬಿ ಮುಚ್ಚಳ ತೆರೆದು ನೋಡಿ: ಗೀಸರ್ ಎಂದು ಬರೆದ ಕಡೆ ಸಿ32 ಕಂಡರೆ, ಮೇನ್ ಆಫ್ ಮಾಡಿಸಿ ಬೋರ್ಡ್ ಬಿಚ್ಚಿಸಿ, ವೈರಿನ ಮೇಲೆ ಅಚ್ಚಾಗಿರುವ ಅಳತೆ ಓದಿಸಿ, ಆಮೇಲೆ ಅಡ್ವಾನ್ಸ್ ಕೊಡಿ.