ಇಂಗ್ಲಿಷ್–ಫಾರ್ಸಿ ಮದುವೆ ಸೈಟ್: ಹ್ಯೂಗೋ ಬಳಸಿ ನೋಡಿದ ಮೇಲೆ

ಗೆಳತಿಯ ಮದುವೆಗೆ ಇಂಗ್ಲಿಷ್, ಫಾರ್ಸಿ ಎರಡರಲ್ಲೂ ವೆಬ್‌ಸೈಟ್ ಬೇಕಿತ್ತು. ಅವಳ ಮನೆಯವರು ಇರಾನಿನವರು. ಹಿರಿಯರಿಗೆ ಇಂಗ್ಲಿಷ್ ಓದಲು ಬರುವುದಿಲ್ಲ. ಹುಡುಗನ ಕಡೆಯವರಿಗೆ ಫಾರ್ಸಿಯ ಒಂದಕ್ಷರವೂ ಗೊತ್ತಿಲ್ಲ. ಸೈಟನ್ನು ನಾನು ಹ್ಯೂಗೋ ಎಂಬ ವೆಬ್‌ಸೈಟ್ ಕಟ್ಟುವ ತಂತ್ರಾಂಶದಲ್ಲಿ ಕಟ್ಟಿಕೊಟ್ಟೆ. ಸ್ವಲ್ಪ ಎಚ್‌ಟಿಎಂಎಲ್, ಸಿಎಸ್‌ಎಸ್ (ಪುಟದ ರಚನೆ, ಅಂದ ಹೇಳುವ ಕೋಡ್) ಬರುವವರು ಇಂಥ ಕೆಲಸಕ್ಕೆ ಕೈ ಹಾಕಿದರೆ ಕಣ್ಣುಮುಚ್ಚಿ ಇದನ್ನೇ ಹಿಡಿಯಿರಿ ಎನ್ನುತ್ತೇನೆ.

ಅವಳು ಮೊದಲು ಒಂದು ರೆಡಿಮೇಡ್ ಮದುವೆ ಸೈಟ್ ಸೇವೆಯಲ್ಲಿ ಪುಟ ಮಾಡಿಟ್ಟಿದ್ದಳು. ನೋಡಲು ಚೆಂದವಿತ್ತು. ಆದರೆ ಆ ಟೆಂಪ್ಲೇಟಿಗೆ ಫಾರ್ಸಿ ಬಲದಿಂದ ಎಡಕ್ಕೆ ಓಡುವ ಭಾಷೆ ಎಂಬ ಅರಿವೇ ಇರಲಿಲ್ಲ. ವಾಕ್ಯದ ಕೊನೆಯ ಚುಕ್ಕಿ ಹೋಗಿ ಬಲತುದಿಯಲ್ಲಿ, ಅಂದರೆ ವಾಕ್ಯದ ಶುರುವಿನಲ್ಲಿ, ಕೂತಿತ್ತು. ಅದಕ್ಕಿಂತ ಜಾಸ್ತಿ ಹೊಟ್ಟೆ ಉರಿದದ್ದು ಹೆಸರುಗಳನ್ನು ನೋಡಿ. ಮದುವೆ ಟೆಂಪ್ಲೇಟುಗಳಲ್ಲಿ ವಧೂವರರ ಹೆಸರನ್ನು ಅಕ್ಷರಗಳ ನಡುವೆ ಜಾಗ ಬಿಟ್ಟು ಅಗಲವಾಗಿ ಬರೆಯುವ ರೂಢಿ ಇದೆ, ಅಲ್ವಾ? ಇಂಗ್ಲಿಷಿಗೆ ಅದು ಒಪ್ಪುತ್ತದೆ. ಫಾರ್ಸಿಯಲ್ಲಿ ಅಕ್ಷರಗಳು ಒಂದಕ್ಕೊಂದು ಕೈ ಹಿಡಿದು ನಿಲ್ಲಬೇಕು. ಅಲ್ಲಿ ಲೆಟರ್-ಸ್ಪೇಸಿಂಗ್ ಕೊಟ್ಟರೆ ಹೆಸರು ತುಂಡು ತುಂಡಾಗುತ್ತದೆ. ಮದುಮಗಳ ಹೆಸರೇ ಹಾಗೆ ಚೂರಾಗಿ ಬಿದ್ದಿತ್ತು. ಅದನ್ನು ಸರಿಮಾಡಲು ಆ ಸೇವೆಯಲ್ಲಿ ಜಾಗವೇ ಇರಲಿಲ್ಲ.

ಹ್ಯೂಗೋ ಉಚಿತ, ಓಪನ್ ಸೋರ್ಸ್. ಗೋ ಎಂಬ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೆದದ್ದು. ನನಗೆ ಹಿಡಿಸಿದ್ದು ಅದು ಎರಡು ಭಾಷೆಗಳನ್ನು ನಡೆಸಿಕೊಳ್ಳುವ ರೀತಿ. ಒಂದು ಅಸಲಿ, ಇನ್ನೊಂದು ನಕಲು ಎಂಬ ಭೇದ ನಿಮಗೆ ಬೇಡವಾದರೆ ಅದು ಇರಬೇಕಿಲ್ಲ. ಕಾನ್ಫಿಗ್‌ನಲ್ಲಿ, ಅಂದರೆ ಸೈಟಿನ ಸೆಟ್ಟಿಂಗ್ ಫೈಲಿನಲ್ಲಿ, ಒಂದು ಸಾಲು ಸೇರಿಸಿದರೆ ತಯಾರಾದ ಸೈಟಿನಲ್ಲಿ ಎರಡಕ್ಕೂ ತಮ್ಮದೇ ಫೋಲ್ಡರ್ ಸಿಗುತ್ತದೆ. ಬರೆಯುವಾಗ ಒಂದೇ ಪುಟದ ಎರಡು ಫೈಲುಗಳನ್ನು ಅಕ್ಕಪಕ್ಕ ಇಡುತ್ತೀರಿ, ಹೆಸರಿನ ಕೊನೆಯಲ್ಲಿ ಇಂಗ್ಲಿಷಿನದಕ್ಕೆ ‘ಇಎನ್’, ಫಾರ್ಸಿಯದಕ್ಕೆ ‘ಎಫ್‌ಎ’. ಇವು ಜೋಡಿ ಎಂದು ಹ್ಯೂಗೋಗೆ ತಾನಾಗಿ ತಿಳಿಯುತ್ತದೆ. ಊಟದ ಪುಟ ಓದುತ್ತಿದ್ದವರು ಭಾಷೆ ಬದಲಿಸಿದರೆ ಆ ಭಾಷೆಯ ಊಟದ ಪುಟಕ್ಕೇ ಹೋಗುತ್ತಾರೆ, ಸುಮ್ನೆ ಮುಖಪುಟಕ್ಕೆ ಎಸೆಯುವುದಿಲ್ಲ.

ಜೋಡಿ ಇಲ್ಲದ ಪುಟಕ್ಕೂ ಅಡ್ಡಿಯಿಲ್ಲ. ಇದು ನಮಗೆ ತುಂಬಾ ಒದಗಿತು. ಇರಾನಿ ಮದುವೆಯಲ್ಲಿ ಸೊಫ್ರೆ ಅಗ್ದ್ ಎಂಬ ಹಾಸು ಹಾಸುತ್ತಾರೆ. ಅದರ ಮೇಲೆ ಕನ್ನಡಿ, ಮೇಣದ ಬತ್ತಿಯ ಕಂಬಗಳು, ಜೇನು ಎಲ್ಲ ಇರುತ್ತವೆ. ಜೋಡಿಯ ತಲೆ ಮೇಲೆ ಬಟ್ಟೆ ಹಿಡಿದು ಸಕ್ಕರೆ ಅಚ್ಚುಗಳನ್ನು ಉಜ್ಜುತ್ತಾರೆ. ಒಪ್ಪಿಗೆಯೇ ಎಂದು ಕೇಳಿದಾಗ ಮದುಮಗಳು ಮೊದಲ ಸಲ ಉತ್ತರಿಸುವುದಿಲ್ಲ. ಹೂ ಕೀಳಲು ಹೋಗಿದ್ದಾಳೆ ಎಂದು ಸುತ್ತ ನಿಂತ ಹೆಂಗಸರು ಕೂಗುತ್ತಾರೆ. ಎರಡನೇ ಸಲ, ಗುಲಾಬಿ ನೀರು ತರಲು ಹೋಗಿದ್ದಾಳೆ. ಮೂರನೇ ಸಲ ಹೌದು ಎನ್ನುತ್ತಾಳೆ. ಗೊತ್ತಿಲ್ಲದ ಅತಿಥಿ ಆ ಮೌನ ಕಂಡು ಗಾಬರಿಯಾಗಬಾರದಲ್ಲ! ಹಾಗಾಗಿ ಇದನ್ನೆಲ್ಲ ವಿವರಿಸುವ ಪುಟ ಇಂಗ್ಲಿಷಿನಲ್ಲಿ ಮಾತ್ರ ಇದೆ. ಫಾರ್ಸಿ ಓದುವವರಿಗೆ ಅದನ್ನು ಹೇಳಿಕೊಡುವ ಅಗತ್ಯವಿಲ್ಲ.

ಒಂದು ವಿಷಯ ಮೊದಲೇ ತಿಳಿದಿರಲಿ. ಭಾಷೆಯ ದಿಕ್ಕು ಬಲದಿಂದ ಎಡಕ್ಕೆ ಎಂದು ಕಾನ್ಫಿಗ್‌ನಲ್ಲಿ ಬರೆದ ಮಾತ್ರಕ್ಕೆ ಪುಟ ತಿರುಗುವುದಿಲ್ಲ. ಆ ದಿಕ್ಕನ್ನು ಟೆಂಪ್ಲೇಟಿನ ಎಚ್‌ಟಿಎಂಎಲ್ ಟ್ಯಾಗಿನಲ್ಲಿ ದಿಕ್ಕು ಹೇಳುವ ‘ಡಿರ್’ಗೆ ನೀವೇ ಕೊಡಬೇಕು. ಜೊತೆಗೆ ಸಿಎಸ್‌ಎಸ್‌ನಲ್ಲಿ ‘ಮಾರ್ಜಿನ್-ಲೆಫ್ಟ್’ ಇದ್ದಲ್ಲೆಲ್ಲ ‘ಮಾರ್ಜಿನ್-ಇನ್‌ಲೈನ್-ಸ್ಟಾರ್ಟ್’ ಹಾಕಿ. ಇದು ಎಡಬದಿಗೆ ಬದಲು ಸಾಲು ಶುರುವಾಗುವ ಬದಿಗೆ ಜಾಗ ಬಿಡುತ್ತದೆ. ಆಗ ಒಂದೇ ಸ್ಟೈಲ್ ಫೈಲ್ ಎರಡೂ ಕಡೆಗೆ ಸಾಕು. ಬಹಳಷ್ಟು ಥೀಮ್‌ಗಳು (ಹ್ಯೂಗೋಗೆ ಸಿಗುವ ಸಿದ್ಧ ವಿನ್ಯಾಸಗಳು) ಇಷ್ಟನ್ನೂ ಮಾಡಿರುವುದಿಲ್ಲ. ಥೀಮ್ ಆರಿಸುವಾಗ ಚಿತ್ರ ನೋಡಿ ಮರುಳಾಗದೆ ಕೋಡ್ ತೆರೆದು ನೋಡಿ.

ಫೋನ್ ನಂಬರಿನ ಮುಂದಿನ ಪ್ಲಸ್ ಗುರುತೂ ಫಾರ್ಸಿ ಸಾಲಿನಲ್ಲಿ ಹಿಂದಕ್ಕೆ ಹಾರುತ್ತದೆ. ನಂಬರಿಗೆ ಮಾತ್ರ ಎಡದಿಂದ ಬಲಕ್ಕೆ ಎಂದು ಹೇಳಿದರೆ ಸರಿಹೋಗುತ್ತದೆ.

ಫಾಂಟ್ ವಜೀರ್‌ಮತನ್. ಇದೂ ಉಚಿತ, ತೆಳುವಿನಿಂದ ದಪ್ಪದವರೆಗೆ ಒಂಬತ್ತು ತೂಕಗಳಿವೆ. ಚಿಕ್ಕ ಮೊಬೈಲಿನಲ್ಲೂ ಅಕ್ಷರ ಸ್ಪಷ್ಟ. ಹೆಸರುಗಳಿಗೆ ಮಾತ್ರ ನಸ್ತಾಲಿಕ್ ಎಂಬ ಅಲಂಕಾರಿಕ ಕೈಬರಹದ ಶೈಲಿ ಬಳಸಿದೆ. ಅದರ ಅಕ್ಷರಗಳು ಓರೆಯಾಗಿ ಇಳಿಯುತ್ತವೆ, ಸಾಲಿನ ಎತ್ತರ ಜಾಸ್ತಿ ಕೊಡದಿದ್ದರೆ ತಲೆಯೋ ಬಾಲವೋ ಕತ್ತರಿಸಿ ಹೋಗುತ್ತದೆ. ಫಾಂಟ್ ಫೈಲುಗಳನ್ನು ಸೈಟಿನಲ್ಲೇ ಇಡಿ, ಹೊರಗಿನಿಂದ ತರಿಸಬೇಡಿ. ಇರಾನಿನಲ್ಲಿ ಯಾವುದು ತೆರೆಯುತ್ತದೆ, ಯಾವುದು ಇಲ್ಲ ಎಂದು ನಂಬಿ ಕೂರುವಂತಿಲ್ಲ. ಯೂಟ್ಯೂಬ್ ಅಲ್ಲಿ 2009ರಿಂದ ಬಂದ್. ತಡೆ ದಾಟಿಸುವ ವಿಪಿಎನ್ ಇಲ್ಲದ ಅಜ್ಜಿಗೆ ನಿಮ್ಮ ವಿಡಿಯೋ ಬರೀ ಖಾಲಿ ಚೌಕ. ನಾವು ವಿಡಿಯೋ ಕೈಬಿಟ್ಟು ಹಗುರವಾದ ಫೋಟೋಗಳನ್ನು ಹಾಕಿದೆವು.

ಫಾರ್ಸಿ ಟೈಪ್ ಮಾಡುವವರು ‘ನೀಮ್ ಫಾಸೆಲೆ’ ಬಳಸುತ್ತಾರೆ. ‘ಸಾಫ್ಟ್‌ವೇರ್’ ಎಂದು ಬರೆಯುವಾಗ ಒತ್ತು ಬೀಳದಂತೆ ನಾವು ನಡುವೆ ಹಾಕುವ ಕಾಣದ ಗುರುತಿದೆಯಲ್ಲ, ಅದೇ ಅದು. ಗೆಳತಿ ಕಳಿಸಿದ ಬರಹದಲ್ಲಿದ್ದ ಆ ಗುರುತನ್ನು ಹ್ಯೂಗೋ ಎಲ್ಲೂ ನುಂಗಲಿಲ್ಲ. ಇದರಿಂದ ನನಗೆ ಬಹಳ ನೆಮ್ಮದಿಯಾಯಿತು.

ತಾರೀಖಿನಲ್ಲಿ ಹ್ಯೂಗೋ ಕೈಕೊಡುತ್ತದೆ. ಇರಾನಿನ ವರ್ಷ ನೌರೋಜ್ ಎಂಬ ವಸಂತದ ಹಬ್ಬಕ್ಕೆ ಶುರು. ನಮ್ಮ ಗೋಡೆ ಕ್ಯಾಲೆಂಡರಿನ 2025ರ ಸೆಪ್ಟೆಂಬರ್ 12 ಅವರಿಗೆ 1404ರ ಶಹ್ರೀವರ್ 21. ಹ್ಯೂಗೋಗೆ ಈ ಲೆಕ್ಕ ಬರುವುದಿಲ್ಲ. ಬ್ರೌಸರಿನಲ್ಲಿ ಓಡುವ ಜಾವಾಸ್ಕ್ರಿಪ್ಟಿನಲ್ಲಿ ಆಯಾ ಭಾಷೆಗೆ ತಕ್ಕಂತೆ ತಾರೀಖು ಬರೆಯುವ ‘ಇಂಟ್ಲ್’ ಇದೆ, ಅದಕ್ಕೆ ‘ಎಫ್‌ಎ-ಐಆರ್’ (ಇರಾನಿನ ಫಾರ್ಸಿ) ಎಂದು ಹೇಳಿದರೆ ಪರ್ಷಿಯನ್ ತಾರೀಖನ್ನು ಪರ್ಷಿಯನ್ ಅಂಕಿಗಳಲ್ಲೇ ಕೊಡುತ್ತದೆ. ಅದನ್ನು ನೋಡಿ ಫಾರ್ಸಿ ಫೈಲಿನಲ್ಲಿ ಕೈಯಾರೆ ಬರೆದುಬಿಟ್ಟೆ. ಮದುವೆ ತಾರೀಖು ಸ್ಕ್ರಿಪ್ಟ್ ಓಡುತ್ತದೋ ಇಲ್ಲವೋ ಎಂಬುದನ್ನು ಅವಲಂಬಿಸಬಾರದು. ಅಂಕಿಗಳನ್ನು ಅರಬ್ಬಿ ಕೀಬೋರ್ಡಿನಿಂದ ತೆಗೆಯಬೇಡಿ, 4, 5, 6ರ ರೂಪ ಫಾರ್ಸಿಯಲ್ಲಿ ಬೇರೆ.

ಇನ್ನೊಂದು ಕೊರತೆ, ಬರುತ್ತೇವೆ ಎಂದು ತಿಳಿಸುವ ಫಾರ್ಮ್. ಹ್ಯೂಗೋ ಕೊಡುವುದು ಸ್ಥಿರ ಪುಟಗಳನ್ನು, ಉತ್ತರ ಕೂಡಿಡಲು ಅದಕ್ಕೆ ಜಾಗವಿಲ್ಲ. ಹೊರಗಿನ ಫಾರ್ಮ್ ಸೇವೆ ಬೇಕೇ ಬೇಕು. ಫಾರ್ಮಿನಲ್ಲಿ ಹೆಸರು ಬರೆಯುವ ಚೌಕಕ್ಕೆ ‘ಡಿರ್’ ಅನ್ನು ‘ಆಟೋ’ ಎಂದು ಕೊಡಿ. ಯಾವ ಲಿಪಿಯಲ್ಲಿ ಬರೆದರೂ ಅಕ್ಷರಗಳು ಸರಿಯಾದ ಕಡೆಯಿಂದ ಶುರುವಾಗುತ್ತವೆ. ಇರಾನಿನಿಂದ ಫಾರ್ಮ್ ತೆರೆಯದಿದ್ದರೆ ಎಂದು ಕೆಳಗೆ ಮದುಮಗಳ ಅಮ್ಮನ ನಂಬರನ್ನೂ ಹಾಕಿದೆವು. ಹಿರಿಯರಲ್ಲಿ ಹೆಚ್ಚಿನವರು ನೇರ ಅವರಿಗೇ ಫೋನ್ ಮಾಡಿದರು.